ಬೆಳಕಿನ ಸಾಧಕ ಸುಬ್ರತ ಮಿತ್ರ

ಚಿತ್ರಮಂದಿರದಿಂದ ಹೊರಬರುವಾಗ ನಾವು ನಟನಟಿಯರನ್ನು ಸ್ಮರಿಸುತ್ತೇವೆ, ನಿರ್ದೇಶಕರನ್ನು ಕೊಂಡಾಡುತ್ತೇವೆ. ಛಾಯಾಗ್ರಾಹಕರ ಹೆಸರು ಮಾತ್ರ ಬಹುಮಟ್ಟಿಗೆ ಪರದೆಯ ಮೇಲೆಯೇ ಉಳಿದುಬಿಡುತ್ತದೆ. ಹಾಗೆ ಮರೆಯಬಾರದ ಹೆಸರು ಸುಬ್ರತ ಮಿತ್ರ ಅವರದು.

1930ರ ಅಕ್ಟೋಬರ್ 12ರಂದು ಜನಿಸಿದ ಮಿತ್ರರು ಯಾವ ಶಾಲೆಯಲ್ಲಿಯೂ ಈ ಕಲೆಯನ್ನು ಕಲಿತವರಲ್ಲ. ಫ್ರಾನ್ಸಿನ ಜ್ಯಾಂ ರೆನ್ವಾ ಬಂಗಾಳದಲ್ಲಿ ‘ದಿ ರಿವರ್’ ಚಿತ್ರವನ್ನು ನಿರ್ಮಿಸುತ್ತಿದ್ದಾಗ ವೀಕ್ಷಕರಾಗಿ ನಿಂತು, ದೀಪಗಳ ಸ್ಥಾನವನ್ನೂ ಕ್ಯಾಮೆರಾದ ಚಲನೆಯನ್ನೂ ಪುಸ್ತಕದಲ್ಲಿ ಬರೆದಿಟ್ಟುಕೊಂಡರು. ಅದುವೇ ಅವರ ಗುರುಕುಲ. ಚಲನಚಿತ್ರದ ಕ್ಯಾಮೆರಾವನ್ನೇ ನಡೆಸಿರದ ಈ ತರುಣನಿಗೆ ಸತ್ಯಜಿತ್ ರೇ ‘ಪಥೇರ್ ಪಾಂಚಾಲಿ’ಯ ಹೊಣೆಯನ್ನು ಒಪ್ಪಿಸಿದರು. ಹಣದ ಅಭಾವದಿಂದ ಪದೇ ಪದೇ ನಿಂತ ಆ ಚಿತ್ರ 1955ರಲ್ಲಿ ತೆರೆಕಂಡಿತು.

ನಿಜವಾದ ಪರೀಕ್ಷೆ ಎದುರಾದದ್ದು ‘ಅಪರಾಜಿತೊ’ (1956) ಚಿತ್ರದಲ್ಲಿ. ಕಾಶಿಯ ಹಳೆಯ ಮನೆಗಳ ಅಂಗಳಕ್ಕೆ ಬೆಳಕು ಮೇಲಿನ ಆಕಾಶದಿಂದ ಮೃದುವಾಗಿ ಇಳಿಯುತ್ತದೆ. ಗಾಢವಾದ ನೆರಳು ಬೀಳುವುದಿಲ್ಲ. ಆದರೆ ಮಳೆಯ ಭಯದಿಂದ ಆ ಮನೆಯನ್ನು ಸ್ಟುಡಿಯೋದ ಒಳಗೆ ಕಟ್ಟಬೇಕಾಯಿತು. ಸ್ಟುಡಿಯೋದ ದೀಪಗಳೋ ದಿಕ್ಕುದಿಕ್ಕಿಗೆ ನೆರಳು ಚೆಲ್ಲುವಂಥವು. ಅಲ್ಲಿ ಹಗಲಿನ ಭ್ರಮೆ ಉಳಿಯಲಾರದೆಂದು ಮಿತ್ರರು ವಾದಿಸಿದರು, ಫಲವಾಗಲಿಲ್ಲ. ಕೊನೆಗೆ ಅಂಗಳದ ಮೇಲೆ ಬಿಳಿಯ ಬಟ್ಟೆಯನ್ನು ಬಿಗಿದು, ದೀಪಗಳನ್ನು ಅದರತ್ತ ತಿರುಗಿಸಿ, ಪ್ರತಿಫಲಿಸಿದ ಬೆಳಕಿನಲ್ಲಿ ಚಿತ್ರೀಕರಿಸಿದರು. ಕೃತಕ ಮನೆಯೊಳಗೆ ಕಾಶಿಯ ಹಗಲು ಇಳಿದುಬಂದಿತು. ಈ ವಿಧಾನ ಮುಂದೆ ಭಾರತೀಯ ಛಾಯಾಗ್ರಹಣದ ದಿಕ್ಕನ್ನೇ ಬದಲಿಸಿತು.

‘ಚಾರುಲತಾ’ (1964), ‘ನಾಯಕ್’ (1966) ಸೇರಿದಂತೆ ರೇಯವರ ಹತ್ತು ಕಥಾಚಿತ್ರಗಳಿಗೆ ಮಿತ್ರರು ಬೆಳಕು ಕೊಟ್ಟರು. ‘ಕಾಂಚನಜಂಘಾ’ (1962) ವರ್ಣಚಿತ್ರದಲ್ಲಿ ಡಾರ್ಜಿಲಿಂಗಿನ ಬಿಸಿಲು, ಮೋಡ, ಮಂಜುಗಳೂ ಪಾತ್ರಗಳೇ ಆದವು. ನಮ್ಮಂತೆ ಊರು ಬಿಟ್ಟು ಬಂದವರು ನೆಲೆಸಿರುವ ಮಹಾನಗರಗಳೂ ಅವರ ಕಣ್ಣಿಗೆ ಬಿದ್ದಿವೆ: ‘ದಿ ಹೌಸ್‌ಹೋಲ್ಡರ್’ (1963) ಚಿತ್ರದಲ್ಲಿ ದೆಹಲಿ, ‘ಬಾಂಬೆ ಟಾಕಿ’ (1970) ಚಿತ್ರದಲ್ಲಿ ಮುಂಬಯಿ. ಬಾಸು ಭಟ್ಟಾಚಾರ್ಯರ ‘ತೀಸ್ರಿ ಕಸಮ್’ (1966) ಕೂಡ ಅವರ ಕೈಚಳಕವೇ.

ಪರಿಪೂರ್ಣತೆಯ ಹಠಕ್ಕೆ ಮಿತ್ರರು ಬೆಲೆ ತೆತ್ತರು. ಅವರ ಚಿತ್ರಗಳ ಸಂಖ್ಯೆ ಕಡಿಮೆ. ‘ನ್ಯೂ ಡೆಲ್ಲಿ ಟೈಮ್ಸ್’ (1986) ಅವರಿಗೆ ರಾಷ್ಟ್ರಪ್ರಶಸ್ತಿ ತಂದಿತು. ಕೊನೆಯ ವರ್ಷಗಳಲ್ಲಿ ಕೋಲ್ಕತಾದ ಸತ್ಯಜಿತ್ ರೇ ಚಲನಚಿತ್ರ ಸಂಸ್ಥೆಯಲ್ಲಿ, ತಾವು ಎಂದೂ ಪಡೆಯದಿದ್ದ ಶಿಕ್ಷಣವನ್ನು ಕಿರಿಯರಿಗೆ ನೀಡಿದರು. 2001ರ ಡಿಸೆಂಬರ್‌ನಲ್ಲಿ ಅವರು ನಿಧನರಾದರು.

ಮಕ್ಕಳೊಡನೆ ಕುಳಿತು ‘ಅಪರಾಜಿತೊ’ ನೋಡುವ ಅವಕಾಶ ಒದಗಿದಾಗ, ಕಥೆಯ ಜೊತೆಗೆ ಆ ಅಂಗಳದ ಬೆಳಕನ್ನೂ ಒಂದು ಕ್ಷಣ ಗಮನಿಸೋಣ. ಹಿರಿಯ ಕಲಾವಿದರೊಬ್ಬರಿಗೆ ನಾವು ಸಲ್ಲಿಸಬಹುದಾದ ನಮನ ಅದು.