ಛಾಯಾಗ್ರಾಹಕ ಎಸ್. ರಾಮಚಂದ್ರ

ಒಂದು ಶುಕ್ರವಾರ ತರಗತಿಯ ಮಕ್ಕಳಿಗೆ ‘ಮಾಲ್ಗುಡಿ ಡೇಸ್’ನಿಂದ ಸ್ವಾಮಿಯ ಕಂತೊಂದನ್ನು ತೋರಿಸಿದೆ. ಮಾತು ಹಿಂದಿಯದಾದರೂ ಊರು ನಮ್ಮ ಆಗುಂಬೆಯಲ್ಲವೇ! ದೋಹಾದಲ್ಲೇ ಬೆಳೆದ ಮಕ್ಕಳು ಚೆನ್ನಾಗಿ ನಕ್ಕರು. ಒಬ್ಬ ಹುಡುಗಿಗೆ ಮಾತ್ರ ಸಂಶಯ: ಹಗಲಲ್ಲೂ ಮನೆಯೊಳಗೆ ಇಷ್ಟು ಕತ್ತಲೆ, ಯಾರೂ ಲೈಟ್ ಯಾಕೆ ಹಾಕಿಲ್ಲ? ಹಳೆಯ ಕಾಲ ಅಂತ ಹೇಳಿ ನಾನು ಜಾರಿಕೊಂಡೆ. ಆ ಕತ್ತಲನ್ನು ಬೇಕೆಂದೇ ಉಳಿಸಿಕೊಂಡವರು ಛಾಯಾಗ್ರಾಹಕ ಎಸ್. ರಾಮಚಂದ್ರ. ಶಂಕರ್‌ನಾಗ್ ಹೆಸರು ನಮಗೆಲ್ಲ ಗೊತ್ತು. ಇವರದನ್ನು ಎಷ್ಟು ಮಂದಿ ಬಲ್ಲೆವು?

1970ರಲ್ಲಿ ತೆರೆಕಂಡ ‘ಸಂಸ್ಕಾರ’ವನ್ನು ಚಿತ್ರೀಕರಿಸಿದವರು ಆಸ್ಟ್ರೇಲಿಯದ ಟಾಮ್ ಕೋವನ್. ರಾಮಚಂದ್ರ ಪಳಗಿದ್ದು ಅವರ ಸಹಾಯಕರಾಗಿ. ಹೊಸ ಅಲೆಯ ಚಿತ್ರಗಳಿಗೆ ಹಣವೂ ಕಡಿಮೆ, ಸ್ಟುಡಿಯೋ ಸೆಟ್ಟುಗಳೂ ಇಲ್ಲ. ಹಳ್ಳಿಯ ನಿಜವಾದ ಮನೆಯೊಳಗೇ ಕ್ಯಾಮೆರಾ ಇಡಬೇಕು. ರಾಮಚಂದ್ರ ಈ ಬಡತನವನ್ನೇ ಶೈಲಿ ಮಾಡಿಕೊಂಡರು. ಬೆಳಕು ಬಾಗಿಲಿನಿಂದ ಬರಬೇಕಾದಲ್ಲಿ ಬಾಗಿಲಿನಿಂದಲೇ ಬರುತ್ತದೆ, ಲಾಂದ್ರದಿಂದಾದರೆ ಲಾಂದ್ರದಿಂದ. ಮುಖದ ಅರ್ಧ ನೆರಳಿಗೆ ಸರಿದರೆ ಸರಿಯಲಿ ಎಂದು ಬಿಟ್ಟಂತಿರುತ್ತದೆ.

1975ರ ‘ಚೋಮನ ದುಡಿ’, 1977ರ ‘ಘಟಶ್ರಾದ್ಧ’ ಎರಡೂ ಅವರ ಕಪ್ಪು ಬಿಳುಪು ಚಿತ್ರಗಳು. ಎರಡಕ್ಕೂ ಸ್ವರ್ಣಕಮಲ ಬಂತು. ಗಿರೀಶ ಕಾಸರವಳ್ಳಿಯವರಿಗೆ ‘ಘಟಶ್ರಾದ್ಧ’ ಮೊದಲ ಚಿತ್ರ. ವೇದ ಕಲಿಯಲು ಬಂದ ಪುಟ್ಟ ನಾಣಿ, ಬಾಲವಿಧವೆ ಯಮುನಕ್ಕನ ಕಷ್ಟವನ್ನು ಪೂರ್ತಿ ಅರ್ಥವಾಗದೆ ನೋಡುತ್ತಾನೆ. ಕ್ಯಾಮೆರಾವೂ ಅವನ ಹಾಗೆಯೇ. ಕೊನೆಯಲ್ಲಿ ತಲೆ ಬೋಳಿಸಿಕೊಂಡು ಮರದಡಿ ಕುಳಿತ ಯಮುನಕ್ಕನನ್ನು ನೋಡಿ ನಾನಂತೂ ಎರಡು ದಿನ ಸುಮ್ಮನಾಗಿದ್ದೆ. ಕಣ್ಣೀರಿಗಾಗಿ ಅಲ್ಲಿ ಹೆಚ್ಚಿನ ದೀಪವೊಂದನ್ನೂ ಹಚ್ಚಿದಂತಿಲ್ಲ.

ಇಂಥವರೇ 1986ರ ಹೊತ್ತಿಗೆ ಬಣ್ಣದಲ್ಲಿ ಮಾಲ್ಗುಡಿ ಕಟ್ಟಿದರು. ಆಗುಂಬೆಯ ದೊಡ್ಡಮನೆ, ಅರಸಾಳು ರೈಲು ನಿಲ್ದಾಣ, ಮೋಡ ಕವಿದ ಬೀದಿ. ಮಲೆನಾಡು ಎಂದರೆ ಇಲ್ಲಿನ ನಮ್ಮ ಅನೇಕ ಮಕ್ಕಳಿಗೆ ಅವರು ತೋರಿಸಿದಷ್ಟೇ. 2011ರ ಜನವರಿಯಲ್ಲಿ ರಾಮಚಂದ್ರ ತೀರಿಕೊಂಡರು. 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ‘ಘಟಶ್ರಾದ್ಧ’ದ ಹೊಸದಾಗಿ ದುರಸ್ತಿಯಾದ ಪ್ರತಿ ತೆರೆಕಂಡಾಗ ಅದನ್ನು ನೋಡಲು ಅವರಿರಲಿಲ್ಲ.

ಮುಂದಿನ ಶುಕ್ರವಾರ ಆ ಹುಡುಗಿಗೆ ಸರಿಯಾದ ಉತ್ತರ ಕೊಡಬೇಕಿತ್ತು. ತರಗತಿಯ ಟ್ಯೂಬ್‌ಲೈಟುಗಳನ್ನೆಲ್ಲ ಆರಿಸಿ, ಒಂದೇ ಕಿಟಕಿಯ ಪರದೆ ಸರಿಸಿದೆ. ದೋಹಾದ ಬಿಸಿಲು ಒಂದು ಪಟ್ಟಿಯಾಗಿ ಬೆಂಚಿನ ಮೇಲೆ ಬಿತ್ತು. ಮಕ್ಕಳು ಪಕ್ಕದವರ ಮುಖವನ್ನು ಮೊದಲ ಸಲವೆಂಬಂತೆ ನೋಡತೊಡಗಿದರು. ಅಂದು ಕಾಗುಣಿತ ಅರ್ಧಕ್ಕೇ ನಿಂತಿತು.