ಎಲ್ಲರ ಮಾತನ್ನೂ ಕಲಿತ ಬಾಲಣ್ಣ

ತಿಪ್ಪಸಂದ್ರ, ಮಾಗಡಿಯ ಕಡೆಯ ಹಿರಿಯರನ್ನು ಹಳೆಯ ಸಿನಿಮಾಗಳ ಬಗ್ಗೆ ಕೇಳಿ ನೋಡಿ. ರಾಜ್‌ಕುಮಾರ್ ಹೆಸರಿನ ಹಿಂದೆಯೇ ಬಾಲಕೃಷ್ಣ ಅವರ ಹೆಸರೂ ಬರುತ್ತದೆ. ಕೆಲವರಿಗೆ ಅವರು ನಗಿಸಿದವರು, ಕೆಲವರಿಗೆ ಸಂಸಾರ ಒಡೆಯುವ ಕುಹಕಿ. ಆದರೆ ಅವರಿಗೆ ಕಿವಿ ಸರಿಯಾಗಿ ಕೇಳಿಸುತ್ತಿರಲಿಲ್ಲ ಎಂಬ ಸಂಗತಿ ನಿಮಗೆ ಗೊತ್ತಿತ್ತೇ?

ಟಿ. ಎನ್. ಬಾಲಕೃಷ್ಣ ಹುಟ್ಟಿದ್ದು ಹಾಸನ ಜಿಲ್ಲೆಯ ಅರಸೀಕೆರೆಯಲ್ಲಿ, ಬಡ ಕುಟುಂಬದಲ್ಲಿ. ನಾಟಕ ಕಂಪನಿಗಳಲ್ಲಿ ಬಣ್ಣ ಹಚ್ಚಿ, 1943ರಲ್ಲಿ ‘ರಾಧಾರಮಣ’ ಚಿತ್ರದ ಮೂಲಕ ಬೆಳ್ಳಿತೆರೆಗೆ ಬಂದರು. ಮುಂದೆ ಅವರು ನಟಿಸಿದ ಚಿತ್ರಗಳು ಐನೂರಕ್ಕೂ ಹೆಚ್ಚು.

ಕಿವಿ ಮಂದವಾದವರಿಗೆ ನಟನೆ ಎಷ್ಟು ಕಷ್ಟವೆಂದು ಯೋಚಿಸಿ. ಎದುರಿನವರ ಮಾತು ಮುಗಿದ ಕ್ಷಣಕ್ಕೇ ತಮ್ಮ ಮಾತು ಆರಂಭವಾಗಬೇಕು. ಅರೆಗಳಿಗೆ ತಪ್ಪಿದರೂ ನಗು ಸತ್ತುಹೋಗುತ್ತದೆ. ಬಾಲಣ್ಣ ಇದಕ್ಕೆ ಕಂಡುಕೊಂಡ ದಾರಿ ಸರಳವಾದದ್ದು, ಆದರೆ ಸುಲಭದ್ದಲ್ಲ. ತಮ್ಮ ಮಾತಿನ ಜೊತೆಗೆ ಎದುರಿನವರ ಮಾತನ್ನೂ ಬಾಯಿಪಾಠ ಮಾಡುತ್ತಿದ್ದರು. ಅವರ ತುಟಿಯ ಚಲನೆ ನೋಡಿಕೊಂಡೇ ಉತ್ತರ ಕೊಡುತ್ತಿದ್ದರು. ತೆರೆಯ ಮೇಲೆ ನೋಡಿದವರಿಗೆ ಈ ಕೊರತೆಯ ಸುಳಿವೇ ಸಿಗುತ್ತಿರಲಿಲ್ಲ.

ಚಿತ್ರರಂಗದ ಕಷ್ಟಕಾಲದಲ್ಲಿಯೂ ಅವರು ದೂರ ನಿಲ್ಲಲಿಲ್ಲ. ಕನ್ನಡ ಚಿತ್ರಗಳೇ ಕಡಿಮೆಯಾಗಿ ಕಲಾವಿದರಿಗೆ ಕೆಲಸವಿಲ್ಲದಿದ್ದಾಗ ರಾಜ್‌ಕುಮಾರ್, ನರಸಿಂಹರಾಜು, ಜಿ. ವಿ. ಅಯ್ಯರ್ ಅವರ ಜೊತೆ ಸೇರಿ ಕಲಾವಿದರ ಸಂಘ ಕಟ್ಟಿದರು. ಆ ಸಂಘದಿಂದಲೇ 1960ರಲ್ಲಿ ‘ರಣಧೀರ ಕಂಠೀರವ’ ತೆರೆಗೆ ಬಂತು.

1972ರ ‘ಬಂಗಾರದ ಮನುಷ್ಯ’ ಚಿತ್ರವನ್ನು ನಮ್ಮ ರೈತ ಕುಟುಂಬಗಳು ಮರೆತಿಲ್ಲ. ಬರಡು ನೆಲವನ್ನು ಹಸನು ಮಾಡಲು ಹೊರಟ ರಾಜೀವನಿಗೆ ಬೆನ್ನೆಲುಬಾಗಿ ನಿಲ್ಲುವ ರಾಚೂಟಪ್ಪ ಬಾಲಣ್ಣನವರೇ. ಇಂಥ ಪಾತ್ರ ಮಾಡುವವರನ್ನು ಪೋಷಕ ನಟರೆನ್ನುತ್ತೇವೆ. ಇನ್ನೊಬ್ಬರ ಮಾತನ್ನೂ ತನ್ನದೆಂದು ಕಲಿತವರಿಗೆ ಆ ಹೆಸರು ಎಷ್ಟು ಚೆನ್ನಾಗಿ ಒಪ್ಪುತ್ತದೆ!

ಅವರ ದೊಡ್ಡ ಕನಸು ಮಾತ್ರ ಅವರ ಕೈ ಮೀರಿತು. ಆಗ ಕನ್ನಡ ಚಿತ್ರಗಳ ಕೆಲಸ ಹೆಚ್ಚಾಗಿ ಮದ್ರಾಸಿನಲ್ಲೇ ನಡೆಯುತ್ತಿತ್ತು. ನಮ್ಮ ನೆಲದಲ್ಲೇ ಒಂದು ಸ್ಟುಡಿಯೋ ಇರಬೇಕೆಂದು ಅವರು ಹಟ ತೊಟ್ಟರು. ರಾಮನಗರದಿಂದ ಬೆಂಗಳೂರಿಗೆ ಹೋಗುವಾಗ ಸಿಗುವ ಕೆಂಗೇರಿಯ ಬಳಿ, ಸರ್ಕಾರ ನೀಡಿದ ಸುಮಾರು 20 ಎಕರೆಯಲ್ಲಿ ‘ಅಭಿಮಾನ್ ಸ್ಟುಡಿಯೋ’ ಆರಂಭಿಸಿದರು. ದುಡಿದ ಹಣವನ್ನೆಲ್ಲ ಅದಕ್ಕೇ ಸುರಿದರು. ಆದರೂ ಅದು ಅವರು ಬಯಸಿದಂತೆ ಬೆಳೆಯಲಿಲ್ಲ. 1995ರ ಜುಲೈ 19ರಂದು ಅವರು ತೀರಿಕೊಂಡರು. 2009ರ ಡಿಸೆಂಬರಿನಲ್ಲಿ ವಿಷ್ಣುವರ್ಧನ್ ಅವರ ಅಂತ್ಯಕ್ರಿಯೆ ನಡೆದದ್ದು ಅದೇ ಸ್ಟುಡಿಯೋದ ಆವರಣದಲ್ಲಿ. ಆ ಜಾಗದ ಹೆಸರು ಇಂದು ಹಲವರಿಗೆ ಗೊತ್ತು, ಅದನ್ನು ಕಟ್ಟಿದವರ ನೆನಪು ಕೆಲವರಿಗೆ ಮಾತ್ರ.

ನಿಮ್ಮ ಮನೆಯಲ್ಲಿ, ನೆರೆಮನೆಯಲ್ಲಿ ಕಿವಿ ಮಂದವಾದ ಮಗು ಇರಬಹುದು, ವಯಸ್ಸಾದ ಅಜ್ಜ ಇರಬಹುದು. ಎರಡು ಸಲ ಹೇಳಬೇಕಾಯಿತೆಂದು ರೇಗುವ ಮೊದಲು ಬಾಲಣ್ಣನವರನ್ನು ನೆನೆಯಿರಿ. ಎದುರಿಗೆ ಬಂದು, ಮುಖ ಕಾಣುವಂತೆ ನಿಂತು, ನಿಧಾನವಾಗಿ ಮಾತನಾಡಿ. ಅವರು ನಿಮ್ಮ ತುಟಿಯನ್ನೇ ನೋಡುತ್ತಿರಬಹುದು.