ವೇಷದ ಹುಳುಗಳ ಗುಟ್ಟು ತಿಳಿಸಿದ ಬೇಟ್ಸ್



ಹೋದ ತಿಂಗಳು ನಮ್ಮ ಶಾಲೆಯ ಕೈತೋಟದಲ್ಲಿ ಕೊತ್ತಂಬರಿ ಹೂ ಬಿಟ್ಟಿತ್ತು. ಹಳದಿ ಕಪ್ಪು ಪಟ್ಟೆಯ ಒಂದು ಹುಳು ಗಾಳಿಯಲ್ಲಿ ಒಂದೇ ಕಡೆ ನಿಂತು ಹಾರುತ್ತಿತ್ತು. ನಾನು ಕಣಜ ಅಂತ ಹೆದರಿ ನೋಟ್‌ಬುಕ್ಕಿನಿಂದ ಹೊಡೆದು ಸಾಯಿಸಿದೆ. ನಮ್ಮ ವಿಜ್ಞಾನದ ಮೇಷ್ಟ್ರು ಅದನ್ನು ಕಾಗದದ ಮೇಲಿಟ್ಟು ರೆಕ್ಕೆ ಎಣಿಸಲು ಹೇಳಿದರು. ಎರಡೇ ಇದ್ದವು! ಕಣಜಕ್ಕೂ ಜೇನಿಗೂ ನಾಲ್ಕು ರೆಕ್ಕೆ. ನಾವು ಜೇನುನೊಣ ಅಂತ ಕರೆದರೂ ಜೇನು ನೊಣದ ಜಾತಿಯಲ್ಲ. ನಾನು ಕೊಂದದ್ದೇ ನಿಜವಾದ ನೊಣ. ಅದಕ್ಕೆ ಚುಚ್ಚುವ ಮುಳ್ಳೇ ಇಲ್ಲ. ಮತ್ತೆ ಕಣಜದ ವೇಷ ಯಾಕೆ ಅಂತ ಕೇಳಿದೆ. ಆಗ ಮೇಷ್ಟ್ರು ಹೇಳಿದ್ದು ಹೆನ್ರಿ ವಾಲ್ಟರ್ ಬೇಟ್ಸ್ ಅವರ ಕಥೆ.

ಬೇಟ್ಸ್ 1825ರ ಫೆಬ್ರವರಿ 8ರಂದು ಇಂಗ್ಲೆಂಡಿನ ಲೆಸ್ಟರ್ ಎಂಬ ಊರಿನಲ್ಲಿ ಹುಟ್ಟಿದರು. ಸುಮಾರು 13ನೇ ವಯಸ್ಸಿನಲ್ಲಿ ಶಾಲೆ ಬಿಟ್ಟು ಕಾಲುಚೀಲ ಮಾಡಿಸುವ ವ್ಯಾಪಾರಿಯ ಹತ್ತಿರ ಕೆಲಸಕ್ಕೆ ಸೇರಿದರು. ಬೆಳಿಗ್ಗೆ 7 ಗಂಟೆಗೆ ಹೋಗಿ ಬಾಗಿಲು ತೆಗೆದು ಕಸ ಗುಡಿಸಬೇಕು. ರಾತ್ರಿ 8ರವರೆಗೆ ಕೆಲಸ. ಆದರೂ ಅವರು ಓದು ಬಿಡಲಿಲ್ಲ. ರಾತ್ರಿ ತರಗತಿಗಳಿಗೆ ಹೋದರು. ಬಿಡುವಿದ್ದಾಗ ಕಾಡು ಸುತ್ತಿ ಹುಳು ಹಿಡಿದರು. ಅವರು ಜೀರುಂಡೆಗಳ ಬಗ್ಗೆ ಬರೆದ ಲೇಖನ 1843ರಲ್ಲಿ ಅಚ್ಚಾಯಿತು. ಆಗ ಅವರಿಗೆ ಬರೀ 18 ವರ್ಷ.

1844ರಲ್ಲಿ ವಾಲೇಸ್ ಎಂಬ ಶಾಲಾ ಮಾಸ್ತರರ ಸ್ನೇಹವಾಯಿತು. ಇಬ್ಬರೂ 1848ರ ಏಪ್ರಿಲ್‌ನಲ್ಲಿ ಹಡಗು ಹತ್ತಿ ದಕ್ಷಿಣ ಅಮೆರಿಕದ ಅಮೆಜಾನ್ ಕಾಡಿಗೆ ಹೋದರು. ಹುಳುಗಳನ್ನು ಲಂಡನ್ನಿಗೆ ಕಳಿಸಿ, ಮಾರಿದ ಹಣದಲ್ಲೇ ಬದುಕಬೇಕಿತ್ತು. ವಾಲೇಸ್ 1852ರಲ್ಲಿ ವಾಪಸು ಹೊರಟರು. ಅವರ ಹಡಗಿಗೆ ಬೆಂಕಿ ಬಿದ್ದು ಸಂಗ್ರಹ ಸುಟ್ಟುಹೋಯಿತು. ಬೇಟ್ಸ್ ಅಲ್ಲೇ ಉಳಿದರು. ಅವರಿಗೆ ಹಳದಿ ಜ್ವರ ಬಂತು. ಕಳ್ಳತನದಲ್ಲಿ ದುಡ್ಡು ಹೋಯಿತು. ಬಟ್ಟೆ ಹರಿದು, ಬರಿಗಾಲಲ್ಲಿ ಓಡಾಡುವ ಹಾಗಾಯಿತು. ಹೀಗೇ 11 ವರ್ಷ! 1859ರಲ್ಲಿ ಮರಳುವಾಗ ಕೊನೆಯ ಸಂಗ್ರಹವನ್ನು ಮೂರು ಹಡಗುಗಳಲ್ಲಿ ಹಂಚಿ ಕಳಿಸಿದರು. ಅವರು ಒಟ್ಟು ಸಂಗ್ರಹಿಸಿದ್ದು 14,000ಕ್ಕೂ ಹೆಚ್ಚು ಜಾತಿಯ ಜೀವಿಗಳು. ಅದರಲ್ಲಿ ಸುಮಾರು 8,000 ವಿಜ್ಞಾನಕ್ಕೇ ಹೊಸವು.

ಆ ಕಾಡಿನಲ್ಲಿ ಬಣ್ಣಬಣ್ಣದ ಕೆಲವು ಚಿಟ್ಟೆಗಳು ಹೆದರಿಕೆಯಿಲ್ಲದೆ ನಿಧಾನವಾಗಿ ಹಾರುತ್ತಿದ್ದವು. ಹಕ್ಕಿಗಳು ಅವನ್ನು ಮುಟ್ಟುತ್ತಿರಲಿಲ್ಲ. ರುಚಿ ಕೆಟ್ಟದ್ದು ಅಂತ ಬೇಟ್ಸ್ ಊಹಿಸಿದರು. ಅವುಗಳ ನಡುವೆ ಬೇರೆ ಜಾತಿಯ ಚಿಟ್ಟೆಗಳು ಅದೇ ಬಣ್ಣದಲ್ಲಿ, ಅದೇ ಚಾಲಿನಲ್ಲಿ ಹಾರುತ್ತಿದ್ದವು. ಹಾರುವಾಗ ಬೇಟ್ಸ್ ಅವರೂ ಮೋಸಹೋಗುತ್ತಿದ್ದರು. ಅವರು ಕಾರಣವನ್ನು 1862ರಲ್ಲಿ ಅಚ್ಚಾದ ಲೇಖನದಲ್ಲಿ ವಿವರಿಸಿದರು. ಹುಳು ಬೇಕೆಂದು ವೇಷ ಹಾಕುವುದಿಲ್ಲ. ಸ್ವಲ್ಪ ಹೋಲಿಕೆ ಇದ್ದದ್ದನ್ನು ಹಕ್ಕಿ ಬಿಡುತ್ತದೆ, ಇಲ್ಲದ್ದನ್ನು ತಿನ್ನುತ್ತದೆ. ಉಳಿದದ್ದರ ಮರಿಗಳಲ್ಲೂ ಆ ಹೋಲಿಕೆ ಬರುತ್ತದೆ. ಸಾವಿರಾರು ತಲೆಮಾರಿನಲ್ಲಿ ಹೋಲಿಕೆ ಹೆಚ್ಚುತ್ತದೆ. ಇದರಿಂದ ಡಾರ್ವಿನ್ ಅವರ ಸಿದ್ಧಾಂತಕ್ಕೆ ದೊಡ್ಡ ಬಲ ಬಂತು. ಇದಕ್ಕೆ ಈಗಲೂ ಬೇಟ್ಸ್ ಅವರ ಹೆಸರೇ ಇದೆ.

ನಮ್ಮ ಕೊತ್ತಂಬರಿ ನೊಣದ ಲೆಕ್ಕವೂ ಇದೇ. ಹುಲಿವೇಷ ನೋಡಿ ಚಿಕ್ಕ ಮಕ್ಕಳು ಓಡುವ ಹಾಗೆ, ಒಮ್ಮೆ ಕಣಜ ಚುಚ್ಚಿದ ಹಕ್ಕಿ ಪಟ್ಟೆ ಕಂಡರೆ ದೂರ ಹೋಗುತ್ತದೆ. ಇಂಗ್ಲೆಂಡಿನಲ್ಲಿ ಕಣಜದಂತೆಯೇ ಕಾಣುವ ಪತಂಗವೂ ಇದೆ. ಅದರ ರೆಕ್ಕೆ ಗಾಜಿನ ಹಾಗೆ ಪಾರದರ್ಶಕ. ಆದರೆ ವೇಷದವರೇ ಹೆಚ್ಚಾದರೆ ಹಕ್ಕಿಗೆ ಗುಟ್ಟು ಗೊತ್ತಾಗಿಬಿಡುತ್ತದೆ!

ಬೇಟ್ಸ್ 1863ರಲ್ಲಿ ಅಮೆಜಾನ್ ಬಗ್ಗೆ ಪುಸ್ತಕ ಬರೆದರು. 1864ರಿಂದ ಲಂಡನ್ನಿನ ರಾಯಲ್ ಜಿಯೋಗ್ರಾಫಿಕಲ್ ಸೊಸೈಟಿಯಲ್ಲಿ ಸಹಾಯಕ ಕಾರ್ಯದರ್ಶಿಯಾಗಿದ್ದರು. 1892ರ ಫೆಬ್ರವರಿ 16ರಂದು ತೀರಿಕೊಂಡರು.

ನನಗೂ ಈಗ 13 ವರ್ಷ. ನನ್ನ ಜೊತೆ ಕೂರುತ್ತಿದ್ದ ಗೆಳೆಯ ಈ ವರ್ಷ ಶಾಲೆ ಬಿಟ್ಟು ಕೆಲಸಕ್ಕೆ ಹೋದ. ಹುಳುಗಳ ವಿಷಯ ನನಗಿಂತ ಅವನಿಗೇ ಚೆನ್ನಾಗಿ ಗೊತ್ತು. ಅವನಾಗಿದ್ದರೆ ಆ ನೊಣವನ್ನು ಹೊಡೆಯುತ್ತಿರಲಿಲ್ಲ. ಈ ಭಾನುವಾರ ಅವನನ್ನು ಕರೆತಂದು ಈ ಪುಟ ಓದಿಸುತ್ತೇನೆ. ರಾತ್ರಿ ನಮ್ಮ ಮನೆಗೆ ಬಂದು ಓದು ಅಂತ ಹೇಳುತ್ತೇನೆ.

ನೀವೂ ಪಟ್ಟೆಯ ಹುಳು ಕಂಡರೆ ಹೊಡೆಯಬೇಡಿ. ದೂರದಲ್ಲಿ ನಿಂತು ಮೊದಲು ರೆಕ್ಕೆ ಎಣಿಸಿ.

— 7ನೇ ತರಗತಿ